ತಮ್ಮನ ನಾಡಿನಲ್ಲಿ ಆರು ದಿನ

ಸೂರ್ಯ ಕಡಲಿಗೆ ಇಳಿಯುವುದನ್ನು ನಾವು ಕನ್ನಡದವರು ಬೇಕಾದಷ್ಟು ನೋಡಿದ್ದೇವೆ. ಗೋಕರ್ಣ, ಮರವಂತೆ, ಮಲ್ಪೆ, ಎಲ್ಲಿ ನಿಂತರೂ ನಮ್ಮ ಕಡಲು ಪಡುವಣಕ್ಕೇ. ಕಡಲಿನಿಂದ ಸೂರ್ಯ ಏಳುವುದನ್ನು ಅವ್ವ ಮೊದಲ ಸಲ ನೋಡಿದ್ದು ಎಪ್ಪತ್ತೆಂಟನೆಯ ವಯಸ್ಸಿನಲ್ಲಿ, ವಿಶಾಖಪಟ್ಟಣದ ರಾಮಕೃಷ್ಣ ಬೀಚಿನ ಎದುರಿಗಿದ್ದ ಕೋಣೆಯ ಕಿಟಕಿಯಲ್ಲಿ. ಸೆರಗು ತಲೆಯ ಮೇಲೆಳೆದುಕೊಂಡು ಕೈ ಮುಗಿದಳು. ಬಹಳ ಹೊತ್ತಿನ ಮೇಲೆ, "ನಮ್ಮ ಹೊಳಿ ಬಂದು ಸೇರೂದು ಇದ ಕಡಲನ್ಯಾಗ ಏನೋ ತಮ್ಮಾ?" ಎಂದು ಕೇಳಿದಳು.

ಅವ್ವನ ತವರು ಬಾದಾಮಿ ತಾಲೂಕಿನಲ್ಲಿ, ಮಲಪ್ರಭೆಯ ದಂಡೆಯ ಮೇಲೆ. ಹುಡುಗಿಯಾಗಿದ್ದಾಗ ಹೊಳೆಯಲ್ಲಿ ಅರಿವೆ ಒಗೆಯುತ್ತ, ಈ ನೀರು ಎಲ್ಲಿಗೆ ಹೋಗುತ್ತದೆ ಎಂದು ಅಜ್ಜನನ್ನು ಕೇಳಿದ್ದಳಂತೆ. "ಕೂಡಲಸಂಗಮಕ್ಕ ಹೋಗಿ ಕೃಷ್ಣಿ ಆಗ್ತೈತಿ, ಬೆಜವಾಡಿ ದಾಟಿ ಕಡಲು ಸೇರ್ತೈತಿ" ಎಂದಿದ್ದರಂತೆ ಅಜ್ಜ. ಅವತ್ತಿನಿಂದ ಬೆಜವಾಡೆ ಎಂಬ ಹೆಸರು ಅವ್ವನ ತಲೆಯಲ್ಲಿ ಉಳಿದುಬಿಟ್ಟಿತ್ತು. ಅದು ಇಂದಿನ ವಿಜಯವಾಡ. ಕಾಶಿ, ಪಂಢರಪುರ ಎಲ್ಲ ಆದ ಮೇಲೂ ಅವಳು ಕೇಳುತ್ತಿದ್ದದ್ದು ಅದನ್ನೇ. ಮೂಡಣ ಕಡಲಿನಿಂದ ಹೊರಟು ಕೃಷ್ಣೆಯ ದಂಡೆಯಲ್ಲಿ ಮುಗಿಯುವ ಪ್ರವಾಸವೊಂದನ್ನು ನಾನು ಕಟ್ಟಿದ್ದು ಅವಳಿಗಾಗಿ.

ಒಂಬತ್ತು ಜಾಗದ ಪಟ್ಟಿ

ಮೊದಲು ಒಂದು ಪ್ರವಾಸ ಏಜೆನ್ಸಿಯನ್ನು ಕೇಳಿದೆ. ಅವರು ಕಳಿಸಿದ ಪಟ್ಟಿಯಲ್ಲಿ ಒಂದೇ ದಿನಕ್ಕೆ ಒಂಬತ್ತು ಜಾಗಗಳಿದ್ದವು. ಒಂದೊಂದರ ಮುಂದೆ ಇಷ್ಟು ನಿಮಿಷ ಎಂದು ಬರೆದಿತ್ತು. ಮಂಡಿ ನೋವಿನ ಅವ್ವ ಕಾರಿನಿಂದ ಇಳಿದು ಚಪ್ಪಲಿ ಸರಿಮಾಡಿಕೊಳ್ಳುವಷ್ಟರಲ್ಲೇ ಆ ನಿಮಿಷಗಳು ಮುಗಿದುಹೋಗುತ್ತಿದ್ದವು. ಆ ಪಟ್ಟಿಯನ್ನು ಪಕ್ಕಕ್ಕಿಟ್ಟು ಆರು ದಿನಕ್ಕೆ ಒಂದು ದೊಡ್ಡ ಕಾರನ್ನು ಬಾಡಿಗೆಗೆ ಹಿಡಿದೆ. ಒಳ್ಳೆಯ ಹೋಟೆಲುಗಳಲ್ಲಿ ನೆಲಮಹಡಿಗೋ ಲಿಫ್ಟಿಗೋ ಹತ್ತಿರದ ಕೋಣೆ ಕೇಳಿದೆ. ಇತಿಹಾಸ ಕಲಿಸಿ ನಿವೃತ್ತರಾದ ಮಾಸ್ಟಾರೊಬ್ಬರು ಜೊತೆಗೆ ಬರಲು ಒಪ್ಪಿದರು. ದುಬಾರಿಯೇ ಆಯಿತು. ಆದರೆ ಆ ಹಣಕ್ಕೆ ನಾನು ಕೊಂಡದ್ದು ಬೇಕೆಂದಲ್ಲಿ ನಿಲ್ಲುವ ಹಕ್ಕನ್ನು ಮತ್ತು ಕಲ್ಲನ್ನು ಓದಬಲ್ಲ ಒಬ್ಬ ಮನುಷ್ಯನ ಮಾತನ್ನು. ಮೆತ್ತನೆಯ ಸೀಟು ಅದರ ಜೊತೆಗೆ ಬಂತು.

ಚಾಲಕ ಅನಕಾಪಲ್ಲಿಯ ಹುಡುಗ. ನಾನು ಅವ್ವ ಎಂದು ಕರೆಯುವುದನ್ನು ಕೇಳಿ ತಾನೂ ಅವ್ವ ಎಂದೇ ಕರೆಯತೊಡಗಿದ. ತೆಲುಗಿನಲ್ಲಿ ಅವ್ವ ಎಂದರೆ ಅಜ್ಜಿ. ಮೊದಲ ದಿನವೇ ನನ್ನ ತಾಯಿಗೆ ಒಬ್ಬ ಮೊಮ್ಮಗ ಸಿಕ್ಕಿದ. ಇನ್ನು ಅಂಗಡಿಗಳ ಬೋರ್ಡು. ತಲೆಕಟ್ಟಿನ ಆಕಾರವೊಂದು ಬೇರೆ, ಉಳಿದಂತೆ ಅಕ್ಷರಗಳೆಲ್ಲ ನಮ್ಮವೇ ಎನ್ನುವಷ್ಟು ಹತ್ತಿರ. ನಾಲ್ಕನೆಯ ಇಯತ್ತೆ ಓದಿದ ಅವ್ವ ದಾರಿಯುದ್ದಕ್ಕೂ ತೆಲುಗು ಬೋರ್ಡುಗಳನ್ನು ಕೂಡಿಸಿ ಓದುತ್ತ ಬಂದಳು.

ನಗರದಲ್ಲಿ ಮೊದಲ ದಿನದ ಬೆಳಗು ಕಳೆಯಿತು. ದಡದ ಮೇಲೆ ಮ್ಯೂಸಿಯಂ ಆಗಿ ನಿಂತ ಜಲಾಂತರ್ಗಾಮಿ ಐಎನ್‌ಎಸ್ ಕುರ್ಸುರಾವನ್ನು ನಾನೊಬ್ಬನೇ ಹೊಕ್ಕು ಬಂದೆ. 1969ರಲ್ಲಿ ನೌಕಾಪಡೆ ಸೇರಿ, 2001ರಲ್ಲಿ ನಿವೃತ್ತವಾಗಿ, ಮರುವರ್ಷ ಜನರಿಗೆ ತೆರೆದುಕೊಂಡ ಹಡಗು ಅದು. ಅಲ್ಲಿಂದ ಆಂಧ್ರ ವಿಶ್ವವಿದ್ಯಾಲಯದ ದಾರಿಯಲ್ಲಿ ಹೋದೆವು. 1926ರಲ್ಲಿ ಬೆಜವಾಡದಲ್ಲಿ ಹುಟ್ಟಿ 1930ರಲ್ಲಿ ಈ ಗುಡ್ಡಗಳ ಮೇಲಕ್ಕೆ ಬಂದ ವಿದ್ಯಾಲಯ. ಅದನ್ನು ಕಟ್ಟಿದ ಕಟ್ಟಮಂಚಿ ರಾಮಲಿಂಗಾ ರೆಡ್ಡಿ ಮತ್ತು ಸರ್ವೇಪಲ್ಲಿ ರಾಧಾಕೃಷ್ಣನ್ ಇಬ್ಬರೂ ಅದಕ್ಕೆ ಮುಂಚೆ ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ ಪಾಠ ಹೇಳಿದವರು. ಮುಂದೆ ಬೆಂಗಳೂರನ್ನು ಮನೆ ಮಾಡಿಕೊಂಡ ಸಿ.ವಿ. ರಾಮನ್ ಶಾಲೆ ಕಲಿತದ್ದು ಇದೇ ಊರಿನಲ್ಲಿ.

ತೊಟ್ಟಿಗಳ ಬೆಟ್ಟ

ಭೀಮಿಲಿಗೆ ಹೋಗುವ ಕಡಲ ದಾರಿ ಹಿಡಿದರೆ ಸುಮಾರು 15 ಕಿ.ಮೀ.ಗೆ ತೊಟ್ಲಕೊಂಡ ಸಿಗುತ್ತದೆ. ಕಾರು ಬೆಟ್ಟದ ನೆತ್ತಿಯ ಹತ್ತಿರದವರೆಗೂ ಹೋಗುವುದರಿಂದ ಅವ್ವನೂ ಇಳಿದು ನಡೆದಳು. 1970ರ ದಶಕದಲ್ಲಿ ನೌಕಾಪಡೆಯವರು ನೆಲೆಗೆ ಜಾಗ ಹುಡುಕುತ್ತ ವಿಮಾನದಿಂದ ಸರ್ವೆ ನಡೆಸಿದಾಗ ಇಲ್ಲಿನ ಅವಶೇಷ ಕಣ್ಣಿಗೆ ಬಿತ್ತು. 1988ರಿಂದ 1993ರವರೆಗೆ ಆಂಧ್ರದ ಪುರಾತತ್ವ ಇಲಾಖೆ ಅಗೆದಾಗ ಇಡೀ ಒಂದು ಬೌದ್ಧ ಊರೇ ಮಣ್ಣಿನಿಂದ ಎದ್ದು ಬಂತು. ಸ್ತೂಪ, ಚೈತ್ಯ, ಭಿಕ್ಷುಗಳ ಸಾಲುಕೋಣೆ, ಅಡುಗೆಮನೆ, ಪಂಕ್ತಿಯ ಚಾವಡಿ. ಕ್ರಿಸ್ತಪೂರ್ವ ಮೂರನೆಯ ಶತಮಾನದಿಂದ ಕ್ರಿಸ್ತಶಕ ಮೂರನೆಯ ಶತಮಾನದವರೆಗೆ ಇಲ್ಲಿ ಜನ ಬಾಳಿದರು. ಶಾತವಾಹನರ ನಾಣ್ಯಗಳ ಜೊತೆಗೆ ರೋಮಿನ ಬೆಳ್ಳಿ ನಾಣ್ಯಗಳೂ ಸಿಕ್ಕಿವೆ. ಕೆಳಗಿನ ಕಡಲಿಗೆ ಎಷ್ಟು ದೂರದ ಹಡಗುಗಳು ಬರುತ್ತಿದ್ದವೆಂದು ಅದರಿಂದ ತಿಳಿಯುತ್ತದೆ.

ತೊಟ್ಲು ಎಂದರೆ ತೊಟ್ಟಿಗಳು. ಬಂಡೆಯನ್ನೇ ಕೊರೆದು ಮಳೆನೀರು ಹಿಡಿಯಲು ಮಾಡಿದ ತೊಟ್ಟಿಗಳಿಂದ ಬೆಟ್ಟಕ್ಕೆ ಈ ಹೆಸರು. ಪಕ್ಕದ ಬೆಟ್ಟ ಬಾವಿಕೊಂಡ, ಅಲ್ಲಿ ಬಾವಿಗಳು. ಹೆಸರು ಬಿಡಿಸಿ ಹೇಳುವ ಕೆಲಸವೇ ಇರಲಿಲ್ಲ, ಅವ್ವ ತಾನೇ ಬಿಡಿಸಿಕೊಂಡಳು. ತೊಟ್ಟಿಯ ಅಂಚಿನಲ್ಲಿ ಕುಳಿತು, "ಬಾದಾಮಿ ಗುಡ್ಡದ ಮ್ಯಾಲೂ ಹಿಂಗ ಬಂಡಿಯೊಳಗ ನೀರ ನಿಲ್ಲತಾವಲ್ಲ" ಎಂದಳು. ಮಳೆ ಬಂದಾಗ ಹಿಡಿದಿಟ್ಟು ವರ್ಷವೆಲ್ಲ ಕುಡಿಯುವ ಜಾಣ್ಮೆಯನ್ನು ಬಯಲುಸೀಮೆಯ ಹೆಣ್ಣುಮಗಳು ಒಂದೇ ನೋಟಕ್ಕೆ ಗುರುತು ಹಿಡಿದಿದ್ದಳು. ನಮ್ಮಂತೆ ಅಲ್ಲಿ ಒಂದೂವರೆ ಗಂಟೆ ಕೂತವರು ಯಾರೂ ಇರಲಿಲ್ಲ. ತಂಗಾಳಿ ಬೀಸುತ್ತಿತ್ತು. ಸರಕು ಹಡಗುಗಳು ಬಂದರಿನೊಳಗೆ ಹೋಗಲು ಸರದಿ ಕಾಯುತ್ತ ನಿಂತಿದ್ದವು.

ಗಂಧದ ಮರೆಯ ದೇವರು

ಎರಡನೆಯ ದಿನ ಕತ್ತಲಿರುವಾಗಲೇ ಸಿಂಹಾಚಲ. ಘಾಟಿಯ ಇಕ್ಕೆಲದಲ್ಲೂ ಹಲಸು, ಅನಾನಸು. ಮೆಟ್ಟಿಲ ಬಳಿ ಬುಟ್ಟಿಗಳಲ್ಲಿ ಸಂಪಿಗೆ. ಇಲ್ಲಿನ ಸಂಪಿಗೆಗೆ ಊರೆಲ್ಲ ಹೆಸರಿದೆ. ಅವ್ವ ಎರಡು ಹೂ ಕೊಂಡು ಒಂದನ್ನು ಚಾಲಕ ಹುಡುಗನ ಕೈಗಿತ್ತಳು.

ವರಾಹ ಲಕ್ಷ್ಮೀನರಸಿಂಹನ ನಿಜರೂಪ ಕಾಣುವುದು ವರ್ಷಕ್ಕೊಂದೇ ದಿನ, ಅಕ್ಷಯ ತೃತೀಯೆಯಂದು. ಉಳಿದ ದಿನಗಳಲ್ಲಿ ಮೂರ್ತಿಗೆ ದಪ್ಪನೆಯ ಗಂಧದ ಲೇಪ. ಗರ್ಭಗುಡಿಯ ಮುಂದೆ ನಿಂತಾಗ ಅವ್ವ ನನ್ನ ಕೈ ಹಿಡಿದಳು. "ನರಸಿಂಹ ಅಂದಿ, ಲಿಂಗದಂಗ ಕಾಣ್ತಾನಲ್ಲೋ!" ನಿಜವೇ. ಗಂಧ ಮೆತ್ತಿದ ಮೂರ್ತಿ ಲಿಂಗದ ಆಕಾರದಲ್ಲೇ ಇದೆ. ದಿನಾ ಬೆಳಿಗ್ಗೆ ಅಂಗೈಯಲ್ಲಿ ಇಷ್ಟಲಿಂಗ ಹಿಡಿದು ಕೂರುವ ಅವಳಿಗೆ ಆ ದೇವರು ಆಮೇಲೆ ಪರದೇಶದವನೆನಿಸಲಿಲ್ಲ.

ದೇವಾಲಯದ ಈಗಿನ ರೂಪದ ಮುಖ್ಯ ಭಾಗ 13ನೆಯ ಶತಮಾನದ್ದು, ಕೋನಾರ್ಕವನ್ನು ಕಟ್ಟಿಸಿದ ಗಂಗ ದೊರೆ ಒಂದನೇ ನರಸಿಂಹದೇವನ ಕಾಲಕ್ಕೆ ಸೇರಿದ್ದು. ಗೋಡೆ ಕಂಬಗಳ ಮೇಲೆ ತೆಲುಗು, ಸಂಸ್ಕೃತ, ಒಡಿಯಾ, ತಮಿಳಿನಲ್ಲಿ ಶಾಸನಗಳು. ಮಾಸ್ಟಾರು ನಮ್ಮನ್ನು ನಿಲ್ಲಿಸಿ ಹೇಳಿದ್ದು ಎರಡರ ಕಥೆ. ಒಂದು 1516ರದ್ದು. ಕಳಿಂಗದ ಗಜಪತಿ ಪ್ರತಾಪರುದ್ರನ ಮೇಲೆ ದಂಡೆತ್ತಿ ಬಂದ ಕೃಷ್ಣದೇವರಾಯ ರಾಣಿಯರಾದ ಚಿನ್ನಾದೇವಿ, ತಿರುಮಲಾದೇವಿಯರ ಜೊತೆ ಈ ಬೆಟ್ಟ ಹತ್ತಿದ. 991 ಮುತ್ತುಗಳ ಕಂಠಮಾಲೆ, ವಜ್ರ ಮಾಣಿಕ್ಯದ ಕಡಗಗಳನ್ನು ದೇವರಿಗೆ ಒಪ್ಪಿಸಿದ. 1519ರಲ್ಲಿ ಮತ್ತೊಮ್ಮೆ ಬಂದ. ಕನ್ನಡ ರಾಜ್ಯ ರಮಾರಮಣ ಎಂದು ಬಿರುದು ಹೊತ್ತವನು ತುಂಗಭದ್ರೆಯ ದಂಡೆಯಿಂದ ಮೂಡಣ ಕಡಲ ಈ ಬೆಟ್ಟದವರೆಗೆ ಸೈನ್ಯದೊಂದಿಗೆ ಬರಲು ಎಷ್ಟು ತಿಂಗಳು ಹಿಡಿಯಿತೋ. ನಾವು ಹುಬ್ಬಳ್ಳಿಯಲ್ಲಿ ರೈಲು ಹತ್ತಿ ಬಂದಿದ್ದೆವು.

ಇನ್ನೊಂದು ಶಾಸನ ಇಲ್ಲಿ ಸಿಕ್ಕವುಗಳಲ್ಲೆಲ್ಲ ಹಳೆಯದು, 11ನೆಯ ಶತಮಾನದ ಕೊನೆಯದು, ಒಂದನೇ ಕುಲೋತ್ತುಂಗ ಚೋಳನ ಆಳ್ವಿಕೆಯದು. "ಚೋಳ ಅಂತ ಹೆಸರು, ಆದರೆ ತಂದೆಯ ಕಡೆಯಿಂದ ಅವನು ವೆಂಗಿಯ ಚಾಲುಕ್ಯ. ಮೂಲ ಹುಡುಕಿದರೆ ಬಾದಾಮಿಗೇ ಹೋಗಬೇಕು" ಎಂದರು ಮಾಸ್ಟಾರು. ಬಾದಾಮಿ ಎಂಬ ಮಾತು ಕಿವಿಗೆ ಬಿದ್ದದ್ದೇ ಅವ್ವ ತಿರುಗಿ ನೋಡಿದಳು. "ನಮ್ಮ ಬಾದಾಮಿ?" ಮಾಸ್ಟಾರು ನಕ್ಕು, "ನಾಳೆ ಹೇಳುತ್ತೇನೆ ಅಮ್ಮಾ, ಅದನ್ನು ಹೇಳುವ ಜಾಗವೇ ಬೇರೆ" ಎಂದರು.

ಎಪ್ಪತ್ತು ಕಾಸಿನ ಗುರುತು

ಆ ಜಾಗ ಬೊಜ್ಜನ್ನಕೊಂಡ. ಮೂರನೆಯ ದಿನ ವಿಶಾಖಪಟ್ಟಣ ಬಿಟ್ಟು ದಕ್ಷಿಣಕ್ಕೆ ಹೊರಟಾಗ, ಅನಕಾಪಲ್ಲಿಯ ಪಕ್ಕದ ಸಂಕರಂ ಎಂಬ ಹಳ್ಳಿಯಲ್ಲಿ ಅದು ಸಿಕ್ಕಿತು. ಸಂಘಾರಾಮ ಎಂಬುದು ಜನರ ಬಾಯಲ್ಲಿ ಸಂಕರಂ ಆಗಿದೆ. ದಾರಿಯಲ್ಲಿ ಬೆಲ್ಲದ ವಾಸನೆ. ದೇಶದ ದೊಡ್ಡ ಬೆಲ್ಲದ ಪೇಟೆಗಳಲ್ಲಿ ಅನಕಾಪಲ್ಲಿಯೂ ಒಂದು. ಹುಡುಗ ತನ್ನ ಮನೆಯಿಂದ ತಂದ ಅಚ್ಚಿನ ತುಂಡೊಂದನ್ನು ಅವ್ವನ ಕೈಗಿಟ್ಟ.

ಗುಡ್ಡದ ಬುಡದಿಂದ ಮೆಟ್ಟಿಲು. ಅವ್ವ ಕೆಳಗೆ ಮರದ ನೆರಳಲ್ಲಿ ಕೂತಳು, ನಾವು ಹತ್ತಿದೆವು. ಬಂಡೆಯಲ್ಲಿ ಕೊರೆದ ಗುಹೆಗಳು, ಅವುಗಳಲ್ಲಿ ಕೂತ ಬುದ್ಧ, ನೆತ್ತಿಯಲ್ಲಿ ಇಡೀ ಬಂಡೆಯನ್ನೇ ಕಡೆದು ಮೇಲೆ ಇಟ್ಟಿಗೆ ಹೊದಿಸಿದ ಮಹಾಸ್ತೂಪ. ಎದುರಿನ ಲಿಂಗಾಲಕೊಂಡದಲ್ಲಿ ಬಂಡೆಯ ತುಂಬ ಚಿಕ್ಕ ದೊಡ್ಡ ಸ್ತೂಪಗಳು ಒಂದರ ಪಕ್ಕ ಒಂದು. ಊರವರಿಗೆ ಅವು ಲಿಂಗಗಳ ಹಾಗೆ ಕಂಡವು, ಬೆಟ್ಟಕ್ಕೆ ಅದೇ ಹೆಸರಾಯಿತು.

ಮಾಸ್ಟಾರು ಕಥೆಯನ್ನು ಮೇಲೆ ಹೇಳಲಿಲ್ಲ. ಇಳಿದು ಬಂದು ಅವ್ವನ ಪಕ್ಕ ಕೂತು ಹೇಳಿದರು. ಸುಮಾರು ನೂರಿಪ್ಪತ್ತು ವರ್ಷಗಳ ಹಿಂದೆ ಅಲೆಗ್ಸಾಂಡರ್ ರೀ ಎಂಬ ಬ್ರಿಟಿಷ್ ಪುರಾತತ್ವಜ್ಞ ಇಲ್ಲಿ ಅಗೆಸಿದಾಗ ಸಮುದ್ರಗುಪ್ತನದೊಂದು ಚಿನ್ನದ ನಾಣ್ಯ, ಎಪ್ಪತ್ತರಷ್ಟು ತಾಮ್ರದ ನಾಣ್ಯಗಳು ಸಿಕ್ಕವು. ಆ ತಾಮ್ರದ ಕಾಸುಗಳು ವಿಷಮಸಿದ್ಧಿ ಎಂಬ ಬಿರುದಿನ ದೊರೆ ಕುಬ್ಜ ವಿಷ್ಣುವರ್ಧನನವು. ಅವನು ಬಾದಾಮಿಯ ಇಮ್ಮಡಿ ಪುಲಕೇಶಿಯ ಒಡಹುಟ್ಟಿದ ತಮ್ಮ.

ಪುಲಕೇಶಿ ಈ ತೀರವನ್ನು ಗೆದ್ದ ಸಂಗತಿ 634ರಲ್ಲಿ ರವಿಕೀರ್ತಿ ಬರೆದ ಐಹೊಳೆ ಶಾಸನದಲ್ಲಿದೆ. ಕಳಿಂಗ, ಪಿಷ್ಟಪುರ, ಕುನಾಲ ಸರೋವರ ಎಲ್ಲ ಅದರಲ್ಲಿ ಬರುತ್ತವೆ. ಗೆದ್ದ ನಾಡನ್ನು ಆಳಲು ಅಣ್ಣ ತಮ್ಮನನ್ನು ಇಲ್ಲಿಗೆ ಕಳಿಸಿದ. ತಮ್ಮ ಮರಳಿ ಹೋಗಲಿಲ್ಲ. ಅವನ ವಂಶ ಪೂರ್ವ ಚಾಲುಕ್ಯರೆಂದು ನಾನೂರಕ್ಕೂ ಹೆಚ್ಚು ವರ್ಷ ವೆಂಗಿಯನ್ನು ಆಳಿತು. ಬಾದಾಮಿಯಲ್ಲಿ ಅಣ್ಣನ ಮನೆತನ ಅಳಿದ ಮೇಲೂ ತಮ್ಮನ ಮನೆತನ ಇಲ್ಲಿ ಉಳಿಯಿತು. ತೆಲುಗನ್ನು ಮನೆಯ ಭಾಷೆ ಮಾಡಿಕೊಂಡು, ತೆಲುಗು ಕಾವ್ಯಕ್ಕೆ ಆಸರೆ ಕೊಟ್ಟು ಇಲ್ಲಿಯದೇ ಆಯಿತು.

ಅವ್ವ ಬೆಲ್ಲದ ತುಂಡು ಹಿಡಿದುಕೊಂಡೇ ಕೇಳುತ್ತಿದ್ದಳು. ಆ ಶಾಸನವಿರುವ ಐಹೊಳೆಯ ಮೇಗುಟಿ ಗುಡಿ ಅವಳ ತವರಿನಿಂದ ಎತ್ತಿನ ಗಾಡಿಯ ದಾರಿ. ಜಾತ್ರೆಗೆ ಹೋದಾಗಲೆಲ್ಲ ಆ ಗೋಡೆಯ ಅಕ್ಷರ ನೋಡಿದ್ದಾಳೆ, ಏನು ಬರೆದಿದೆಯೆಂದು ಯಾರೂ ಅವಳಿಗೆ ಹೇಳಿರಲಿಲ್ಲ. "ಇಷ್ಟ ದೂರ ಬಂದಾನ ಅಂದ್ರ ತಾಯಿ ಎಷ್ಟ ಅತ್ತಿರಬೇಕು" ಎಂದಳು. ಮೂವತ್ತು ವರ್ಷ ಪಾಠ ಹೇಳಿದ ಮಾಸ್ಟಾರು ಸ್ವಲ್ಪ ಹೊತ್ತು ಸುಮ್ಮನಿದ್ದರು. ಆ ತಾಯಿಯ ಬಗ್ಗೆ ತಾವೆಂದೂ ಯೋಚಿಸಿರಲಿಲ್ಲ ಎಂದರು.

ಎರಡು ಭಾರತಗಳ ನಡುವಿನ ದಾರಿ

ವಿಶಾಖಪಟ್ಟಣದಿಂದ ವಿಜಯವಾಡಕ್ಕೆ 16ನೆಯ ರಾಷ್ಟ್ರೀಯ ಹೆದ್ದಾರಿಯಲ್ಲಿ ಸುಮಾರು 350 ಕಿ.ಮೀ. ಒಂದೇ ಓಟಕ್ಕೆ ಆರೇಳು ಗಂಟೆ. ನಾವು ಎರಡು ದಿನಕ್ಕೆ ಹಂಚಿಕೊಂಡೆವು. ಕತ್ತಿಪೂಡಿಯಲ್ಲಿ ದಾರಿ ಕವಲೊಡೆದು ಒಂದು ಎಡಕ್ಕೆ ಕಾಕಿನಾಡದತ್ತ ಹೋಗುತ್ತದೆ. ಆ ಕವಲಿನಲ್ಲಿರುವ ಪಿಠಾಪುರವೇ ರವಿಕೀರ್ತಿಯ ಪಿಷ್ಟಪುರ. ಐಹೊಳೆಯ ಗೋಡೆಯ ಮೇಲಿನ ಹೆಸರೊಂದು ಹೆದ್ದಾರಿಯ ಹಸಿರು ಬೋರ್ಡಿನ ಮೇಲೆ ಕಂಡಿತು.

ರಾಜಮಹೇಂದ್ರವರದಲ್ಲಿ ಆ ರಾತ್ರಿ ತಂಗಿದೆವು. ಸಂಜೆ ಗೋದಾವರಿಯ ಘಾಟಿನಲ್ಲಿ ಆತ್ರೇಯಪುರದ ಪೂತರೇಕು ತಿಂದೆವು. ಅಕ್ಕಿಯ ಹಿಟ್ಟಿನಿಂದ ಕಾಗದಕ್ಕಿಂತ ತೆಳ್ಳಗೆ ತೆಗೆದ ಹಾಳೆಯೊಳಗೆ ತುಪ್ಪ, ಬೆಲ್ಲ. ಹಲ್ಲಿಲ್ಲದವರಿಗೆಂದೇ ದೇವರು ಮಾಡಿಸಿದ್ದು ಎಂದಳು ಅವ್ವ. ಈ ಊರಿನಲ್ಲಿ 11ನೆಯ ಶತಮಾನದಲ್ಲಿ ರಾಜರಾಜ ನರೇಂದ್ರ ಆಳಿದ. ಸಿಂಹಾಚಲದಲ್ಲಿ ಹೆಸರು ಕೇಳಿದ ಕುಲೋತ್ತುಂಗನ ತಂದೆ ಇವನೇ, ಕುಬ್ಜ ವಿಷ್ಣುವರ್ಧನನ ಕುಲದವನು. ಅವನ ಆಸ್ಥಾನದಲ್ಲಿ ನನ್ನಯ ಮಹಾಭಾರತವನ್ನು ತೆಲುಗಿಗೆ ತರಲು ತೊಡಗಿದ. ತೆಲುಗಿನ ಆದಿಕವಿ ಎನಿಸಿದ. ಆ ಕೆಲಸದಲ್ಲಿ ನೆರವಾದ ಗೆಳೆಯ ನಾರಾಯಣಭಟ್ಟ. ನಂದಂಪೂಡಿ ತಾಮ್ರಶಾಸನ ಅವನನ್ನು ಸಂಸ್ಕೃತ, ಕರ್ಣಾಟ, ಪ್ರಾಕೃತ, ಪೈಶಾಚಿ, ಆಂಧ್ರ ಭಾಷೆಗಳ ಕವಿ ಎಂದು ಹೊಗಳುತ್ತದೆ. ತೆಲುಗಿನ ಮೊದಲ ಮಹಾಕಾವ್ಯ ಬರೆಯುವ ಮಣೆಯ ಪಕ್ಕದಲ್ಲಿ ಕನ್ನಡ ಬಲ್ಲ ಕವಿಯೊಬ್ಬ ಕೂತಿದ್ದ.

ಅದರ ಇನ್ನೊಂದು ಮಗ್ಗುಲನ್ನು ಮರುದಿನ ಕಂಡೆವು. ಏಲೂರಿನ ಹತ್ತಿರ ಹೆದ್ದಾರಿ ಬಿಟ್ಟು ಒಳಕ್ಕೆ ಹೋದರೆ ಪೆದವೇಗಿ, ಹಳೆಯ ವೆಂಗಿ. ಯಾವ ಪ್ರವಾಸಿ ಪಟ್ಟಿಯಲ್ಲೂ ಈ ಹಳ್ಳಿ ಇರುವುದಿಲ್ಲ. ತಾಳೆಎಣ್ಣೆಯ ತೋಟಗಳು, ತೆಂಗು, ನಡುವೆ ಪುರಾತತ್ವದವರು ಅಗೆದ ದಿಬ್ಬ, ಇಟ್ಟಿಗೆಯ ಚೂರುಗಳು. ಕೋಟೆಯಿಲ್ಲ, ಗೋಪುರವಿಲ್ಲ. ಆದರೆ ಇಡೀ ಪ್ರವಾಸದಲ್ಲಿ ನಾನು ಹೆಚ್ಚು ಹೊತ್ತು ನಿಂತದ್ದು ಈ ಬರಿಯ ದಿಬ್ಬದ ಮುಂದೆ. ಪಂಪನ ಹಿರಿಯರು ವೆಂಗಿ ಮಂಡಲದವರು. ಇಲ್ಲಿನ ಅಗ್ರಹಾರದ ಬ್ರಾಹ್ಮಣ ಮನೆತನ, ತಂದೆಯ ಕಾಲಕ್ಕೆ ಜೈನ ಧರ್ಮಕ್ಕೆ ಬಂದ ಮನೆತನ. ಆ ಮನೆಯ ಮಗ 941ರ ಸುಮಾರಿಗೆ ಆದಿಪುರಾಣವನ್ನೂ ವಿಕ್ರಮಾರ್ಜುನ ವಿಜಯವನ್ನೂ ಬರೆದು ನಮ್ಮ ಆದಿಕವಿಯಾದ.

ಬಾದಾಮಿಯ ಮನೆಯಿಂದ ಹೊರಟವರ ಮನೆತನ ತೆಲುಗಿನ ಆದಿಕವಿಯನ್ನು ಸಾಕಿತು. ವೆಂಗಿಯ ಮನೆಯಿಂದ ಬಂದವರ ಮನೆತನ ಕನ್ನಡಕ್ಕೆ ಆದಿಕವಿಯನ್ನು ಕೊಟ್ಟಿತು. ಎರಡು ಭಾಷೆಯ ಎರಡು ಭಾರತಗಳ ಬೇರುಗಳು ಈ ನೆಲದಲ್ಲಿ ಒಂದಕ್ಕೊಂದು ಹೆಣೆದುಕೊಂಡಿವೆ. ಶಾಲೆಯಲ್ಲಿ ಪಂಪನ ಮೇಲೆ ಅಂಕಕ್ಕಾಗಿ ಬರೆದ ಉತ್ತರಗಳಲ್ಲಿ ವೆಂಗಿ ಒಂದು ಹೆಸರಷ್ಟೇ ಆಗಿತ್ತು. ಆ ಮಣ್ಣನ್ನು ಮುಟ್ಟಿದ ಮೇಲೆ ಅದು ಹಾಗೆ ಉಳಿಯಲಿಲ್ಲ. ಅಲ್ಲಿಂದ ಒಂದು ಕಲ್ಲನ್ನೂ ಎತ್ತಿಕೊಂಡು ಬರಬಾರದು, ಬರಲಿಲ್ಲ. ಬಗ್ಗಿ ಮುಟ್ಟಿ ಕಣ್ಣಿಗೊತ್ತಿಕೊಂಡೆ.

ಬೆಜವಾಡೆ

ಇಂದ್ರಕೀಲಾದ್ರಿ ದೂರದಿಂದಲೇ ಕಾಣಿಸಿತು. ಕೃಷ್ಣೆಯ ಮಗ್ಗುಲಲ್ಲೇ ಎದ್ದು ನಿಂತ ಗುಡ್ಡ, ಮೇಲೆ ಕನಕದುರ್ಗೆಯ ಚಿನ್ನದ ಬಣ್ಣದ ಶಿಖರ. ಅರ್ಜುನ ತಪಸ್ಸು ಮಾಡಿ ಶಿವನಿಂದ ಪಾಶುಪತ ಪಡೆದದ್ದು ಇಲ್ಲೇ ಎಂದು ಊರಿನ ನಂಬಿಕೆ. ಹೀಗಾಗಿ ದುರ್ಗೆಯ ಪಕ್ಕದಲ್ಲಿ ಮಲ್ಲೇಶ್ವರನಿದ್ದಾನೆ. ಪಂಪ ತನ್ನ ಒಡೆಯ ಅರಿಕೇಸರಿಯನ್ನು ಅರ್ಜುನನೊಡನೆ ಒಂದು ಮಾಡಿ ಕಾವ್ಯ ಕಟ್ಟಿದವನು. ಅವನ ಹಿರಿಯರ ನಾಡಿನಲ್ಲೇ ಅರ್ಜುನನ ಬೆಟ್ಟವಿದೆ ಎಂಬುದು ನನಗೆ ಅಲ್ಲಿ ನಿಂತಾಗ ಹೊಳೆಯಿತು. ಮಲ್ಲೇಶ್ವರನ ಸನ್ನಿಧಿಯ ಯುದ್ಧಮಲ್ಲನ ಶಾಸನ ಪೂರ್ವ ಚಾಲುಕ್ಯರದು, ತೆಲುಗಿನ ತೀರ ಹಳೆಯ ಪದ್ಯಗಳಲ್ಲಿ ಒಂದು. ಅದರ ಛಂದಸ್ಸು ಮಧ್ಯಾಕ್ಕರ. ಪಂಪನೂ ಬಳಸಿದ ನಮ್ಮ ಅಕ್ಕರಗಳ ಅಕ್ಕ ತಂಗಿ.

ಇದೇ ಬೆಜವಾಡದಲ್ಲಿ ಜೈನರ ನಡುಂಬಿ ಬಸದಿ ಇತ್ತು. ಅದಕ್ಕೆ ಮುಸಿನಿಕೊಂಡ ಎಂಬ ಊರನ್ನು ದತ್ತಿ ಬಿಟ್ಟವಳು ಕುಬ್ಜ ವಿಷ್ಣುವರ್ಧನನ ರಾಣಿ ಅಯ್ಯಣ ಮಹಾದೇವಿ. ಬಸದಿ ಉಳಿದಿಲ್ಲ, ಹೆಣ್ಣುಮಗಳ ಹೆಸರು ತಾಮ್ರಪಟದಲ್ಲಿ ಉಳಿದಿದೆ.

ಹೊಳೆಯಾಚೆಯ ಉಂಡವಲ್ಲಿ ಗುಹೆಗಳಿಗೆ ಮಧ್ಯಾಹ್ನ ಹೋದೆವು. ನಾಲ್ಕು ಅಂತಸ್ತು, ಒಂದೇ ಗುಡ್ಡದ ಮೈ ಕೊರೆದದ್ದು. ಮೂರನೆಯ ಅಂತಸ್ತಿನ ಮಬ್ಬಿನಲ್ಲಿ ಅನಂತನ ಮೇಲೆ ಪವಡಿಸಿದ ವಿಷ್ಣು. ಕಣ್ಣು ಕತ್ತಲಿಗೆ ಹೊಂದಿಕೊಂಡ ಹಾಗೆ ಮೊದಲು ಪಾದ, ಆಮೇಲೆ ಎದೆ, ಕೊನೆಗೆ ಮುಖ ಕಾಣಿಸುತ್ತದೆ. ಬಾದಾಮಿಯ ಮೂರನೆಯ ಗುಹೆಯಲ್ಲಿ, 578ರಲ್ಲಿ ಮಂಗಳೇಶ ಮಾಡಿಸಿದ ವಿಷ್ಣು ಅದೇ ಹಾವಿನ ಮೇಲೆ ನೆಟ್ಟಗೆ ಕೂತಿದ್ದಾನೆ. "ಅಲ್ಲಿ ಕುಂತಾನ, ಇಲ್ಲಿ ಬಂದು ಮಲಗ್ಯಾನ. ದೂರ ಆತಲ್ಲ, ದಣಿದಿರಬೇಕು" ಎಂದಳು ಅವ್ವ. ಮೆಟ್ಟಿಲು ಹತ್ತಿಸಲು ಹುಡುಗ ಅವಳ ಒಂದು ಕೈ ಹಿಡಿದಿದ್ದ, ನಾನು ಇನ್ನೊಂದು.

ಹೊಳೆಯ ಮೇಲಕ್ಕೆ 35 ಕಿ.ಮೀ. ಹೋದರೆ ಅಮರಾವತಿ. ಮಹಾಸ್ತೂಪದ ಬುಡವಷ್ಟೇ ಅಲ್ಲಿದೆ. ಅದನ್ನು ಸುತ್ತಿದ್ದ ಸುಣ್ಣಕಲ್ಲಿನ ಶಿಲ್ಪಗಳಲ್ಲಿ ಹೆಚ್ಚಿನವು ಚೆನ್ನೈ ಮತ್ತು ಲಂಡನ್ನಿನ ಮ್ಯೂಸಿಯಂಗಳಲ್ಲಿವೆ. ಆದರೆ ಕನ್ನಡಿಗರು ಆ ಕಲೆಯನ್ನು ನೋಡಲು ಅಷ್ಟು ದೂರ ಹೋಗಬೇಕಿಲ್ಲ. ಕಲಬುರಗಿ ಜಿಲ್ಲೆಯ ಸನ್ನತಿಯ ಪಕ್ಕ, ಭೀಮೆಯ ದಂಡೆಯ ಕನಗನಹಳ್ಳಿಯಲ್ಲಿ ಅದೇ ಬಗೆಯ ಫಲಕಗಳು ಸಿಕ್ಕಿವೆ, ಅಶೋಕನ ಹೆಸರು ಬರೆದ ಅಶೋಕನ ಚಿತ್ರವೂ ಇದೆ.

ಊರೊಳಗಿನ ಬಾಪು ಮ್ಯೂಸಿಯಂ ನೋಡದೆ ಬರಬಾರದು. ಇದು 1887ರಲ್ಲಿ ಅಡಿಗಲ್ಲು ಹಾಕಿದ ವಿಕ್ಟೋರಿಯಾ ಜುಬಿಲಿ ಕಟ್ಟಡ. 1921ರಲ್ಲಿ ಇಲ್ಲಿ ಪಿಂಗಳಿ ವೆಂಕಯ್ಯ ತಾವು ರೂಪಿಸಿದ ಬಾವುಟವನ್ನು ಗಾಂಧೀಜಿಯ ಮುಂದಿಟ್ಟರು. ಬಾವುಟದ ಕನಸು ಇಲ್ಲಿಯದು. ಅದನ್ನು ನೇಯ್ದು ಹೊಲಿಯುವ ಕೈಗಳು ನಮ್ಮ ಗರಗ ಮತ್ತು ಹುಬ್ಬಳ್ಳಿಯ ಬೆಂಗೇರಿಯವು. ಬೆಂಗೇರಿಯ ದಾರಿಯಲ್ಲಿ ದಿನವೂ ಓಡಾಡುವ ನನಗೆ ಆ ಕಟ್ಟಡದಲ್ಲಿ ಎದೆ ತುಂಬಿ ಬಂತು.

ಸಂಗಮದಿಂದ ಸಂಗಮಕ್ಕೆ

ಕೊನೆಯ ದಿನ ಕೊಂಡಪಲ್ಲಿ. ರೆಡ್ಡಿ ದೊರೆಗಳ ಕಾಲದ ಕೋಟೆ, ಕೊಂಡವೀಡಿನ ನಂತರ ಕೃಷ್ಣದೇವರಾಯ ಮುತ್ತಿ ಗೆದ್ದ ಕೋಟೆ. ಈ ದಂಡಯಾತ್ರೆಯಲ್ಲೇ ಅವನು ವಿಜಯವಾಡದಲ್ಲಿ ತಂಗಿ, ಹೊಳೆಯ ಕೆಳಗಿನ ಶ್ರೀಕಾಕುಳದ ಆಂಧ್ರ ವಿಷ್ಣುವಿನ ಗುಡಿಯಲ್ಲಿ ಏಕಾದಶಿ ಉಪವಾಸ ಮಾಡಿದ. ಕನಸಿನಲ್ಲಿ ಬಂದ ಆ ದೇವರು ತೆಲುಗಿನಲ್ಲಿ ಕಾವ್ಯ ಬರೆಯೆಂದು ಹೇಳಿದ್ದಾಗಿ 'ಆಮುಕ್ತಮಾಲ್ಯದ'ದ ಮೊದಲಲ್ಲಿ ತಾನೇ ಹೇಳಿಕೊಂಡಿದ್ದಾನೆ. ಕೊನೆಗೆ ಗಜಪತಿಯ ಮಗಳನ್ನು ಮದುವೆಯಾಗಿ, ಕೃಷ್ಣೆಯ ಉತ್ತರಕ್ಕೆ ಗೆದ್ದ ನಾಡನ್ನೆಲ್ಲ ಹಿಂದಿರುಗಿಸಿ ಹೊರಟುಹೋದ.

ಅವ್ವನಿಗೆ ಕೋಟೆಗಿಂತ ಹಿಡಿಸಿದ್ದು ಕೆಳಗಿನ ಬೊಂಬೆಗಳ ಓಣಿ. ಮನೆಯ ಜಗುಲಿಯ ಮೇಲೆ ಕೂತ ಹೆಣ್ಣುಮಗಳೊಬ್ಬಳು ಆನೆಯ ಅಂಬಾರಿಗೆ ಬಣ್ಣ ಹಚ್ಚುತ್ತಿದ್ದಳು. ಮರ ತೆಲ್ಲ ಪೊಣಿಕಿ, ಹತ್ತಿಯಷ್ಟು ಹಗುರ. ಕೈಕಾಲು ಬೇರೆ ಬೇರೆ ಕೆತ್ತಿ, ಮರದ ಹೊಟ್ಟಿಗೆ ಹುಣಸೆ ಬೀಜದ ಅಂಟು ಕಲಸಿ ಜೋಡಿಸುತ್ತಾರೆ. "ನಮ್ಮ ಕಿನ್ನಾಳದಾಗೂ ಹುಣಸಿ ಬೀಜದ ಅಂಟ ಹಚ್ತಾರ" ಎಂದಳು ಅವ್ವ. ಕೊಪ್ಪಳ ಜಿಲ್ಲೆಯ ಕಿನ್ನಾಳದ ಚಿತ್ರಗಾರರದೂ ಇಂಥದೇ ಹಗುರ ಮರ, ಇಂಥದೇ ಅಂಟು. ಒಬ್ಬಳು ಕನ್ನಡದಲ್ಲಿ, ಇನ್ನೊಬ್ಬಳು ತೆಲುಗಿನಲ್ಲಿ, ಅರ್ಧ ಗಂಟೆ ಮಾತಾಡಿದರು. ನಡುವೆ ನಾನು ಬೇಕಾಗಲಿಲ್ಲ. ಅವ್ವ ನೀರು ಹೊತ್ತ ಹೆಣ್ಣಿನ ಬೊಂಬೆಯನ್ನು ಕೊಂಡಳು.

ಕೊಂಡಪಲ್ಲಿಯಿಂದ ಹೊಳೆಗೆ ಹತ್ತಿರ. ಇಬ್ರಾಹಿಂಪಟ್ಟಣದ ಬಳಿ, ಪಟ್ಟಿಸೀಮೆಯಿಂದ ಎತ್ತಿದ ಗೋದಾವರಿಯ ನೀರು ಕಾಲುವೆಯಲ್ಲಿ ಬಂದು ಕೃಷ್ಣೆಗೆ ಸೇರುವ ಜಾಗವಿದೆ. 2015ರಿಂದ ಹೀಗೆ. ಜನ ಅದನ್ನು ಪವಿತ್ರ ಸಂಗಮಂ ಎನ್ನುತ್ತಾರೆ. ಕೆಳಗೆ ಪ್ರಕಾಶಂ ಬ್ಯಾರೇಜು. 1850ರ ದಶಕದಲ್ಲಿ ಕಟ್ಟಿದ ಹಳೆಯ ಆಣೆಕಟ್ಟು 1952ರಲ್ಲಿ ಒಡೆದಾಗ, 1957ರ ಹೊತ್ತಿಗೆ ಎದ್ದದ್ದು ಇದು. ಉದ್ದ 1,223 ಮೀಟರ್. ಅದು ಹಿಡಿದ ನೀರಿನಿಂದಾಗಿ ಇಲ್ಲಿ ಕೃಷ್ಣೆ ಕೆರೆಯಂತೆ ತುಂಬಿ ನಿಂತಿರುತ್ತಾಳೆ.

ಘಾಟಿನ ಮೆಟ್ಟಿಲಲ್ಲಿ ಅವ್ವ ಕೂತಳು. ನಾನು ಹೇಳಿದೆ: ಕೂಡಲಸಂಗಮದಲ್ಲಿ ಸೇರಿದ ಮಲಪ್ರಭೆ ಇದರಲ್ಲಿದ್ದಾಳೆ, ಬಾದಾಮಿ ಐಹೊಳೆಗಳ ನೀರು. ಸನ್ನತಿಯ ಭೀಮೆ ಇದ್ದಾಳೆ. ಹಂಪಿಯ ತುಂಗಭದ್ರೆ ಇದ್ದಾಳೆ. ಮಳೆಗಾಲದಲ್ಲಿ ಗೋದಾವರಿಯೂ ಬಂದು ಕೂಡುತ್ತಾಳೆ. ಆರು ದಿನ ನಾವು ಕೇಳುತ್ತ ಬಂದ ಹೆಸರುಗಳೆಲ್ಲ, ಅಣ್ಣ, ತಮ್ಮ, ರಾಯ, ಕಲ್ಲುಕುಟಿಗರು, ಎಲ್ಲರೂ ಈ ಒಂದಲ್ಲ ಒಂದು ನೀರು ಕುಡಿದವರು.

ಅವ್ವ ಚೀಲ ಬಿಚ್ಚಿದಳು. ಹುಬ್ಬಳ್ಳಿಯಿಂದ ಹೊರಡುವಾಗಲೇ ಕಟ್ಟಿಕೊಂಡಿದ್ದಳೆಂದು ನನಗೆ ಗೊತ್ತಿರಲಿಲ್ಲ. ಖಣ, ಅರಿಷಿಣ, ಕುಂಕುಮ, ಒಣ ಕೊಬ್ಬರಿಯ ಬಟ್ಟಲು, ಅಕ್ಕಿ. ಹುಡುಗನ ಕೈ ಹಿಡಿದು ಕೊನೆಯ ಮೆಟ್ಟಿಲಿಗೆ ಇಳಿದು ಹೊಳೆಗೆ ಉಡಿ ತುಂಬಿದಳು. ಅಕ್ಕಿಯನ್ನೂ ಅರಿಷಿಣವನ್ನೂ ನೀರಿಗೆ ಬಿಟ್ಟು, ಖಣವನ್ನು ನೀರಿಗೆ ಮುಟ್ಟಿಸಿ ದಂಡೆಯಲ್ಲಿ ಹೂ ಮಾರುತ್ತಿದ್ದ ಹೆಣ್ಣುಮಗಳ ಉಡಿಗೆ ಹಾಕಿದಳು. ಗಂಡನ ಮನೆಗೆ ಹೋದ ಮಗಳನ್ನು ನೋಡಲು ಬಂದ ತಾಯಿ ಮಾಡುವುದು ಇದನ್ನೇ.

"ಚಂದ ಅದಾಳ" ಎಂದಳು ನೀರನ್ನು ನೋಡುತ್ತ. "ಮೈತುಂಬಿಕೊಂಡಾಳ. ಇನ್ನ ನಡಿ."

ಹೋಗುವವರಿಗೆ

ಬೆಂಗಳೂರಿನಿಂದ ವಿಶಾಖಪಟ್ಟಣಕ್ಕೂ, ವಿಜಯವಾಡದ ಗನ್ನವರಂ ನಿಲ್ದಾಣಕ್ಕೂ ವಿಮಾನಗಳಿವೆ. ಒಂದು ಊರಿಗೆ ಇಳಿದು ಇನ್ನೊಂದರಿಂದ ಮರಳಿದರೆ ದಾರಿ ಎರಡು ಸಲ ಸವೆಸಬೇಕಿಲ್ಲ. ರೈಲಿನವರಿಗೆ ಬೆಂಗಳೂರಿನಿಂದ ಪ್ರಶಾಂತಿ ಎಕ್ಸ್‌ಪ್ರೆಸ್, ಹುಬ್ಬಳ್ಳಿ, ಗದಗ, ಕೊಪ್ಪಳ, ಹೊಸಪೇಟೆಯ ಕಡೆಯವರಿಗೆ ಅಮರಾವತಿ ಎಕ್ಸ್‌ಪ್ರೆಸ್ ಎರಡೂ ಊರುಗಳನ್ನು ಮುಟ್ಟುತ್ತವೆ. ನವೆಂಬರಿನಿಂದ ಫೆಬ್ರವರಿ ಒಳ್ಳೆಯ ಕಾಲ. ಬೇಸಿಗೆಯಲ್ಲಿ ವಿಜಯವಾಡದ ಬಿಸಿಲು ವಯಸ್ಸಾದವರಿಗೆ ಆಗದು. ಅಕ್ಷಯ ತೃತೀಯೆಗೆ ಸಿಂಹಾಚಲದಲ್ಲಿ, ದಸರೆಗೆ ಕನಕದುರ್ಗೆಯಲ್ಲಿ ಜನಸಾಗರ. ಉಂಡವಲ್ಲಿ, ಬೊಜ್ಜನ್ನಕೊಂಡ ಎರಡಕ್ಕೂ ಮೆಟ್ಟಿಲು ಹತ್ತಬೇಕು. ತೊಟ್ಲಕೊಂಡಕ್ಕೆ ಕಾರು ಮೇಲೆ ಹೋಗುತ್ತದೆ. ಕಾರು ಗೊತ್ತುಮಾಡುವಾಗ ದಿನಕ್ಕೆ ಎರಡು ಜಾಗಕ್ಕಿಂತ ಹೆಚ್ಚು ಬೇಡವೆಂದು ಮೊದಲೇ ಹೇಳಿ. ಊರಿನ ಇತಿಹಾಸ ಬಲ್ಲವರೊಬ್ಬರನ್ನು ಜೊತೆಗೆ ಕರೆದುಕೊಳ್ಳಿ. ಮನೆಯಲ್ಲಿ ಹಿರಿಯರಿದ್ದರೆ ಅವರನ್ನೂ ಕರೆದೊಯ್ಯಿರಿ. ನಾವು ನೋಡದೆ ದಾಟಿಹೋಗುವ ಎಷ್ಟನ್ನೋ ಅವರು ಗುರುತು ಹಿಡಿಯುತ್ತಾರೆ.